ಮೂರನೆಯ ಹೇಮಾವತಿ

ಸೊಸೆ ಕಾಫಿಗೆ ಸಕ್ಕರೆ ಹಾಕಿಕೊಟ್ಟಳಲ್ಲ, ಚಿಕ್ಕತಾಯಮ್ಮನಿಗೆ ಮೊದಲು ಅನುಮಾನ ಬಂದದ್ದು ಅಲ್ಲಿ. ಚಿಟಿಕೆಯಲ್ಲ, ಧಾರಾಳವಾಗಿ ಎರಡು ಚಮಚ. ಸಕ್ಕರೆ ಕಾಯಿಲೆ ಬಂದಂದಿನಿಂದ ಡಬ್ಬಿಯನ್ನು ಕೈಗೆಟುಕದ ಶೆಲ್ಫಿನ ಮೇಲಿಟ್ಟು, ಅತ್ತೆ ಒಂದು ಚೂರು ಬೆಲ್ಲ ಬಾಯಿಗೆ ಹಾಕಿಕೊಂಡರೂ ಮನೆ ತುಂಬ ರಂಪ ಮಾಡುತ್ತಿದ್ದ ಶ್ರೀವಿದ್ಯಾ, ಅಂದು ಬೆಳಿಗ್ಗೆ ಲೋಟ ಕೈಗೆ ಕೊಟ್ಟು, "ಸಿಹಿ ಸಾಕಾ ಅತ್ತೆ?" ಎಂದು ಬೇರೆ ಕೇಳಿದಳು. ಚಿಕ್ಕತಾಯಮ್ಮ ಒಂದು ಗುಟುಕು ಕುಡಿದು ಸೊಸೆಯ ಮುಖ ನೋಡಿದಳು. ಸೊಸೆ ಮುಖ ಆಚೆ ತಿರುಗಿಸಿಕೊಂಡಳು.

ಅಷ್ಟೇ ಆಗಿದ್ದರೆ ಬಿಡಿ, ಇವಳಿಗೂ ಒಳ್ಳೆ ಬುದ್ಧಿ ಬಂತು ಎಂದುಕೊಂಡು ಸುಮ್ಮನಿರಬಹುದಿತ್ತು. ಮಗ ಮೋಹನ್ ಬ್ಯಾಂಕಿನಿಂದ ಬರುತ್ತ ಜಿಲೇಬಿ ಪೊಟ್ಟಣ ತಂದ. ಟೀವಿ ಸದ್ದು ಕಡಿಮೆ ಮಾಡು ಎಂದು ದಿನಬೆಳಗಾದರೆ ಹಲ್ಲು ಕಡಿಯುತ್ತಿದ್ದವನು ತಾನೇ ರಿಮೋಟನ್ನು ತಾಯಿಯ ಮಡಿಲಿಗೆ ಹಾಕಿ ಪಕ್ಕದಲ್ಲಿ ಕುಳಿತ. ಮೊಮ್ಮಗಳು ಶ್ರೀಯಾ, ಕಾಲೇಜು ಹುಡುಗಿ, ಅಜ್ಜಿಯ ಗೊರಕೆಗೆ ಹೆದರಿ ಬಾಗಿಲು ಹಾಕಿಕೊಂಡು ಮಲಗುವವಳು, ದಿಂಬು ಹೊತ್ತುಕೊಂಡು ಅಜ್ಜಿಯ ಕೋಣೆಗೇ ಬಂದುಬಿಟ್ಟಳು. ಅಲ್ಲ, ನೀವೇ ಹೇಳಿ, ಸಂಸಾರ ಎಂದ ಮೇಲೆ ಇಷ್ಟೊಂದು ಒಳ್ಳೆಯತನ ಎಲ್ಲಾದರೂ ಉಂಟೆ? ಚಿಕ್ಕತಾಯಮ್ಮ ಎಪ್ಪತ್ತು ದಾಟಿದವಳು, ಕೆ.ಆರ್. ಪೇಟೆ ಕಡೆಯವಳು, ನಾಲ್ಕು ಮನೆಯ ಒಳ್ಳೆಯದು ಕೆಟ್ಟದ್ದು ಕಂಡವಳು. ಇಂಥ ಉಪಚಾರವನ್ನು ಅವಳು ಸಾವಿನ ಮನೆಯಲ್ಲಿ ನೋಡಿದ್ದಳು. ಯಾರಿಗೆ ಸುದ್ದಿ ಇನ್ನೂ ಮುಟ್ಟಿಲ್ಲವೋ ಅವರಿಗೆ ಮೊದಲು ಊಟ ಹಾಕಿಬಿಡುತ್ತಾರೆ, ಆಮೇಲೆ ಹೇಳಿದರಾಯಿತು ಎಂದು.

ಹಾಗಾದರೆ ಹೋದವರು ಯಾರು? ಮೂವರಂತೂ ಕಣ್ಣೆದುರಿಗೇ ಓಡಾಡಿಕೊಂಡಿದ್ದರು. ಕಣ್ಣೆದುರಿಗಿಲ್ಲದವನು ಒಬ್ಬನೇ, ನಿಶಾಂತ್. ಮೋಹನನ ಹಿರಿಮಗ, ನೌಕಾಪಡೆಯಲ್ಲಿ ನಾವಿಕ, ಯುದ್ಧನೌಕೆಯ ಎಂಜಿನ್ ರೂಮಿನಲ್ಲಿ ಕೆಲಸ. ತಾಯಿ ಕೆಲಸಕ್ಕೆ ಹೋಗುತ್ತಿದ್ದ ಕಾಲದಲ್ಲಿ ಅಜ್ಜಿಯ ಸೊಂಟದ ಮೇಲೆ ಬೆಳೆದ ಕೂಸು ಅದು. ಊರೂರು ತಿರುಗುವ ಹಡಗಿನಲ್ಲಿದ್ದರೂ, ದಡ ಸಿಕ್ಕಿದ ಭಾನುವಾರವೆಲ್ಲ "ಏನ್ ಅಜ್ಜಿ, ಹಲ್ಲು ಎಷ್ಟು ಉಳಿದವೆ?" ಎಂದು ಫೋನಿನಲ್ಲಿ ಕಾಲೆಳೆಯದಿದ್ದರೆ ಅವನಿಗೆ ಉಂಡದ್ದು ಅರಗುತ್ತಿರಲಿಲ್ಲ. ಆ ಫೋನು ಈಚೆಗೆ ನಿಂತುಹೋಗಿತ್ತು.

"ನಿಸಾಂತ ಎಂಗವ್ನ್ಲಾ?" ಎಂದು ಮಗನನ್ನು ಕೇಳಿದಳು.

"ಚೆನ್ನಾಗವ್ನೆ ಕಣವ್ವ."

"ಫೋನ್ ಹಚ್ಕೊಡು, ಮಾತಾಡ್ತೀನಿ."

"ಹಡಗಲ್ಲಿ ಸಿಗ್ನಲ್ ಸಿಗಲ್ಲ ಕಣವ್ವ. ನಡು ಸಮುದ್ರದಲ್ಲಿ ಅವ್ರೆ," ಎಂದ ಮೋಹನ್ ಎದ್ದು ಸ್ನಾನಕ್ಕೆ ಹೋದ. ಸ್ನಾನ ಅವನು ಆಗತಾನೇ ಮುಗಿಸಿದ್ದ.

ನಿಶಾಂತ್ ಇದ್ದ ಹಡಗಿನ ಹೆಸರು ‘ಹೇಮಾವತಿ’. ಅವನು ಆ ಹಡಗಿಗೆ ಸೇರಿದ ದಿನ ಚಿಕ್ಕತಾಯಮ್ಮ ಮದರಾಸಿನ ವೆಸ್ಟ್ ಮಾಂಬಲಂನ ತಮ್ಮ ಬೀದಿಗೆಲ್ಲ ಸಕ್ಕರೆ ಹಂಚದಿದ್ದುದೊಂದು ಬಾಕಿ. ಹೇಮಾವತಿ ಅವಳ ತವರಿನ ಹೊಳೆ. ಅದರ ನೀರು ಕುಡಿದು, ಅದರ ದಡದಲ್ಲಿ ಬಟ್ಟೆ ಒಗೆದು ಬೆಳೆದವಳು ಅವಳು. "ನಮ್ಮ ಒಳೆ ಎಸ್ರು ಕಣವ್ವ ಅವನ ಅಡಗಿಗೆ," ಎಂದು ಸಿಕ್ಕವರಿಗೆಲ್ಲ ಹೇಳಿದ್ದಳು. ಅವಳ ಬಾಯಲ್ಲಿ ಹಕಾರ ನಿಲ್ಲುವುದಿಲ್ಲ, ಹಡಗು ‘ಅಡಗು’ ಆಗುತ್ತದೆ. "ಅಡಗು ಅಂದ್ರೆ ಬಚ್ಚಿಟ್ಟುಕೋ ಅಂತ ಅಲ್ವಾ ಅಜ್ಜಿ?" ಎಂದು ಶ್ರೀಯಾ ನಗುತ್ತಿದ್ದಳು. ಅಂದು ಕುಶಾಲಿನ ನಡುವೆ ಕಿವಿಗೆ ಬಿದ್ದ ಇನ್ನೊಂದು ಮಾತು ಮಾತ್ರ ಮುದುಕಿಯ ಮನಸ್ಸಿನಲ್ಲಿ ಉಳಿದುಬಿಟ್ಟಿತ್ತು. ನಿಶಾಂತನೇ ಹೇಳಿದ್ದ: "ಇದು ಎರಡನೇ ಹೇಮಾವತಿ ಅಜ್ಜಿ. ಮೊದಲನೇದು ಹಳೇ ಕಾಲದ್ದು. ಅದು ಹೋಯ್ತು, ಅದರ ಹೆಸರು ಇದಕ್ಕೆ ಬಂತು."

ಈ ಮಾತು ಅವಳಿಗೆ ಹೊಸದಾಗಿರಲಿಲ್ಲ. ಹೆಸರು ಎಂಬುದು ಹಾಗೇ ಬರುವುದು. ಅವಳ ಅಜ್ಜಿ ತಾಯಮ್ಮ. ಆ ತಾಯಮ್ಮ ಕಣ್ಣು ಮುಚ್ಚಿದ ವರ್ಷ ಹುಟ್ಟಿದ ಹೆಣ್ಣುಕೂಸಿಗೆ ಚಿಕ್ಕತಾಯಮ್ಮ ಎಂದು ಕರೆದರು. ಅಜ್ಜಿ ಇನ್ನೊಂದೆರಡು ವರ್ಷ ಬದುಕಿದ್ದರೆ ಇವಳು ಯಾವ ಜಯಮ್ಮನೋ ಪುಟ್ಟಮ್ಮನೋ ಆಗಿರುತ್ತಿದ್ದಳು. ಬದುಕಿರುವವರ ಹೆಸರನ್ನು ಕೂಸಿಗೆ ಇಡುವ ಪದ್ಧತಿ ಅವಳ ಮನೆತನದಲ್ಲಿ ಇರಲಿಲ್ಲ. ಇಟ್ಟರೆ ಹಳಬರ ಆಯಸ್ಸು ಸೋರಿಹೋಗುತ್ತದೆ ಎಂಬ ಭಯ. ಹೊಸಬರಿಗೆ ಹೆಸರು ಬಂತು ಎಂದರೆ ಹಳಬರು ಇಲ್ಲ ಎಂದೇ ಲೆಕ್ಕ.

ಹೀಗಿರುವಾಗ ಒಂದು ಮಧ್ಯಾಹ್ನ ಎದುರು ಮನೆಯ ಶಾರದಮ್ಮನ ಜೊತೆ ಟೀವಿ ಮುಂದೆ ಕೂತಿದ್ದಳು. ಶಾರದಮ್ಮನ ಗಂಡ ರೈಲ್ವೆಯಲ್ಲಿದ್ದವರು. ಮನೆತನ ಮದರಾಸಿಗೆ ಬಂದು ಮೂರು ತಲೆಮಾರು ಆಗಿದೆ, ಹಾಗಾಗಿ ಆಕೆಯ ಕನ್ನಡಕ್ಕೆ ಅರ್ಧ ತಮಿಳು ಸೇರಿಕೊಂಡಿದೆ. ತಮಿಳು ವಾರ್ತೆಯಲ್ಲಿ ಬೂದು ಬಣ್ಣದ ದೊಡ್ಡ ಹಡಗೊಂದನ್ನು ತೋರಿಸುತ್ತಿದ್ದರು. ಮೂತಿಗೆಲ್ಲ ಹೂವಿನ ಹಾರ, ರೇಷ್ಮೆ ಸೀರೆಯುಟ್ಟ ಹೆಂಗಸೊಬ್ಬಳು ತೆಂಗಿನಕಾಯಿ ಒಡೆದಳು, ಹಡಗು ಜಾರಿ ನೀರಿಗಿಳಿಯಿತು, ಜನ ಚಪ್ಪಾಳೆ ತಟ್ಟಿದರು. ವಾರ್ತೆ ಓದುವವನ ಬಾಯಿಂದ ‘ಹೇಮಾವತಿ’ ಎಂಬ ಶಬ್ದ ಬಂದದ್ದೇ ಚಿಕ್ಕತಾಯಮ್ಮ ಮುಂದಕ್ಕೆ ಬಾಗಿದಳು.

"ಏನಂತೆ? ನಮ್ಮ ನಿಸಾಂತನ ಅಡಗಾ?"

"ಇಲ್ಲಮ್ಮಾ, ಇದು ಪುದು ಕಪ್ಪಲ್," ಎಂದಳು ಶಾರದಮ್ಮ. ಆಕೆಗೆ ಹಡಗು ಎಂದರೆ ಕಪ್ಪಲ್, ಹೊಸದು ಎಂದರೆ ಪುದು. "ಹಳೇ ಕಪ್ಪಲ್ ಪೇರೇ ಈ ಹೊಸ ಕಪ್ಪಲ್‌ಗೂ ಇಟ್ಟಿದಾರೆ ಪಾರುಂಗ. ಮೂರನೇ ಹೇಮಾವತಿ ಅಂತೆ."

"ಅಳೇದು ಏನಾಯ್ತಂತೆ?"

"ಅದು ಹೋಯ್ತಂತೆ," ಎಂದಳು ಆಕೆ, ಬಜ್ಜಿ ಮೆಲ್ಲುತ್ತ.

ಅಯ್ಯೋ ಶಿವನೇ! ಮೂರನೆಯದು ಹೆಸರು ಹೊತ್ತು ನೀರಿಗಿಳಿದಿದೆ. ಹಾಗಾದರೆ ಎರಡನೆಯದು, ತನ್ನ ಮಗುವನ್ನು ಹೊಟ್ಟೆಯಲ್ಲಿಟ್ಟುಕೊಂಡಿದ್ದ ಎರಡನೆಯದು, ಎಲ್ಲಿ?

"ಮುಳುಗಿದ್ರೆ ಸುದ್ದೀಲಿ ಬರಾಕಿಲ್ವಾ ಶಾರದಮ್ಮ?"

"ಯುದ್ಧದ ಕಪ್ಪಲ್ ವಿಷಯ ಎಲ್ಲಾನೂ ಹೇಳೋದಿಲ್ಲಮ್ಮಾ. ರಹಸ್ಯ ಇರುತ್ತೆ," ಎಂದಳು ಶಾರದಮ್ಮ. ಆಕೆಗೇನು, ಬಾಯಿಗೆ ಬಂದದ್ದನ್ನು ಹೇಳಿ ಬಜ್ಜಿ ತಟ್ಟೆ ತೊಳೆದಿಟ್ಟು ಮನೆಗೆ ಹೋದಳು. ಮಾತು ಇಲ್ಲಿ ಉಳಿಯಿತು.

ಸಂಜೆ ಮೋಹನ್ ಬಂದಾಗ ಮುದುಕಿ ಒಳ್ಳೆಯ ಪೊಲೀಸಿನವಳ ಹಾಗೆ ಮೆತ್ತಗೆ ಶುರು ಮಾಡಿದಳು.

"ನಿಸಾಂತ ಈಗ ಯಾವ ಅಡಗಿನಾಗವ್ನ್ಲಾ?"

"ಅದೇ ಕಣವ್ವ, ಹೇಮಾವತಿ."

"ಅಳೇದಾ, ಒಸದಾ?"

ಮೋಹನನ ಕೈಯಲ್ಲಿದ್ದ ಲೋಟ ಅಲ್ಲೇ ನಿಂತಿತು. ಅವನು ಹೆಂಡತಿಯ ಮುಖ ನೋಡಿದ, ಹೆಂಡತಿ ಒಲೆಯ ಮುಖ ನೋಡಿದಳು. "ಹಳೇದೇ ಕಣವ್ವ. ಹೊಸದು ಎಲ್ಲಿಂದ ಬರಬೇಕು?" ಎಂದ. ಸುಳ್ಳು ಹೇಳುವುದು ಆ ವಂಶದಲ್ಲೇ ಯಾರಿಗೂ ಬರುವುದಿಲ್ಲ, ಕಿವಿ ಕೆಂಪಾಗಿಬಿಡುತ್ತವೆ. ಮೋಹನನ ಕಿವಿ ಕೆಂಡದಂತಾಗಿದ್ದವು.

ಅಂದಿನಿಂದ ಚಿಕ್ಕತಾಯಮ್ಮ ಹಿಂದಿನದನ್ನೆಲ್ಲ ಕೆದಕಿ ನೋಡತೊಡಗಿದಳು. ಹೊಟ್ಟೆನೋವು ಎಂದು ತನ್ನನ್ನು ಕೀಲ್ಪಾಕಿನ ಡಾಕ್ಟರ ಹತ್ತಿರ ಕರೆದೊಯ್ದಿದ್ದರಲ್ಲ, ಎಲ್ಲ ಶುರುವಾದದ್ದು ಆ ದಿನವೇ. ಯಾವುದೋ ಯಂತ್ರದೊಳಗೆ ಮಲಗಿಸಿ ತೆಗೆದರು, ಡಾಕ್ಟರು ಮೋಹನನಿಗೆ ಇಂಗ್ಲಿಷಿನಲ್ಲಿ ಏನೇನೋ ಹೇಳಿದರು, ಇವನು ಹೊರಗೆ ಬಂದು "ಗ್ಯಾಸ್ಟ್ರಿಕ್ ಅಷ್ಟೇ ಕಣವ್ವ" ಎಂದ. ವಾಪಸು ಬರುವಾಗ ಆಟೋದಲ್ಲಿ ನಿಶಾಂತನ ಜೊತೆ ಫೋನಿನಲ್ಲಿ ಮಾತಾಡುತ್ತಿದ್ದೇನೆ ಎಂದು ಹೇಳಿ, ಮುಖ ಆಚೆ ಹಾಕಿ, ಕಣ್ಣೊರೆಸಿಕೊಂಡಿದ್ದ. ಧೂಳು ಅಂದಿದ್ದ. ಎಲ್ಲಿಯ ಧೂಳು! ಅದು ನಿಶಾಂತನ ಫೋನಲ್ಲ, ನಿಶಾಂತನ ಸುದ್ದಿ ಹೊತ್ತು ಬಂದ ಫೋನು. ಈಗ ಎಲ್ಲವೂ ಒಂದಕ್ಕೊಂದು ಕೂಡಿಕೊಂಡಿತು. ತನಗೆ ಹೊಟ್ಟೆಯಲ್ಲಿ ನೋವು ಬೇರೆ ಇದೆಯೆಂದು, ಮುದುಕಿಗೆ ಹೇಳಿದರೆ ಎದೆ ಒಡೆದುಕೊಳ್ಳುತ್ತಾಳೆ ಎಂದು, ಮಕ್ಕಳೆಲ್ಲ ಸೇರಿ ಬಾಯಿಗೆ ಬೀಗ ಹಾಕಿಕೊಂಡಿದ್ದಾರೆ.

ಆದರೂ ಒಂದು ಆಸೆ. ಒಂದು ಪರೀಕ್ಷೆ ಮಾಡಿ ನೋಡುವಾ ಎಂದುಕೊಂಡಳು. ಸಾವಾದ ಮನೆಗೆ ಸೂತಕ ಉಂಟಲ್ಲ. ಸೂತಕದಲ್ಲಿ ಯಾವ ಸೊಸೆಯೂ ದೇವರ ಕಾರ್ಯಕ್ಕೆ ಹೂಂ ಅನ್ನಲಾರಳು.

"ಶ್ರೀವಿದ್ಯಾ, ಬರೋ ಉಣ್ಣಿಮೆಗೆ ನಿಸಾಂತನ ಎಸ್ರಲ್ಲಿ ಸತ್ಯನಾರಾಯಣ ಪೂಜೆ ಮಾಡ್ಸಾನ ಕಣವ್ವ," ಎಂದಳು, ಹುಣಸೆ ಬೀಜ ಬಿಡಿಸುತ್ತ, ಏನೂ ಅರಿಯದವಳ ಹಾಗೆ.

ಶ್ರೀವಿದ್ಯಾ ತಲೆ ಅಲ್ಲಾಡಿಸಿದಳು. "ಈಗ ಬೇಡ ಅತ್ತೆ."

"ಯಾಕವ್ವ?"

"ಉಪವಾಸ ಇರಬೇಕು, ಅಷ್ಟು ಹೊತ್ತು ಕೂತಿರಬೇಕು. ನಿಮಗೆ ಆಯಾಸ ಆಗುತ್ತೆ. ಮುಂದಿನ..." ಮುಂದಿನ ತಿಂಗಳು ಎನ್ನಲು ಹೊರಟವಳು ಮಾತು ಮುಗಿಸಲಿಲ್ಲ. ಸೆರಗು ಬಾಯಿಗೊತ್ತಿಕೊಂಡು ಬಾಲ್ಕನಿಗೆ ಹೋಗಿ ಒಣಗದ ಬಟ್ಟೆಗಳನ್ನೆಲ್ಲ ತೆಗೆಯತೊಡಗಿದಳು.

ಇನ್ನೇನು ಬೇಕು? ಸೂತಕ! ದೇವರ ಮುಂದೆ ದಿನಾ ದೀಪ ಹಚ್ಚುತ್ತಾಳಲ್ಲ ಎಂದು ಕೇಳುವಿರಿ. ಚಿಕ್ಕತಾಯಮ್ಮ ಅದನ್ನೂ ಯೋಚಿಸಿದ್ದಳು. ಹಚ್ಚದಿದ್ದರೆ ಮುದುಕಿಗೆ ತಿಳಿದುಹೋಗುತ್ತದೆ, ಅದಕ್ಕೇ ಹಚ್ಚುತ್ತಿದ್ದಾಳೆ. ಪೂಜೆ ಮಾಡಿಸುವಷ್ಟು ಧೈರ್ಯ ಮಾತ್ರ ಬಂದಿಲ್ಲ. ಅನುಮಾನ ಒಂದು ಸಲ ಒಳಗೆ ಕಾಲಿಟ್ಟರೆ ಉರಿಯುವ ದೀಪವೂ ಅದಕ್ಕೆ ಸಾಕ್ಷಿ ಹೇಳುತ್ತದೆ.

ಮಾರನೆಯ ದಿನ ಮಧ್ಯಾಹ್ನ ಶ್ರೀವಿದ್ಯಾ ತರಕಾರಿಗೆ ಹೋದ ಹೊತ್ತಿನಲ್ಲಿ ಚಿಕ್ಕತಾಯಮ್ಮ ಬಚ್ಚಲಿಗೆ ಹೋದಳು. ಗೀಸರು ಹಾಕಲಿಲ್ಲ. ಉಟ್ಟ ಸೀರೆಯಲ್ಲೇ ಕುಳಿತು ತಣ್ಣೀರನ್ನು ನೆತ್ತಿಯ ಮೇಲೆ ಹುಯ್ದುಕೊಂಡಳು. ಸತ್ತ ಸುದ್ದಿ ಕೇಳಿದವರು ಮಾಡಬೇಕಾದ ಸ್ನಾನ ಅದು. ಇವರೆಲ್ಲ ಬಚ್ಚಿಟ್ಟುಕೊಂಡು ಕೂತರೆ ಆ ಮಗುವಿಗೆ ಒಂದು ಚೊಂಬು ನೀರು ಹುಯ್ದುಕೊಳ್ಳುವವರಾದರೂ ಬೇಡವೇ? "ನನ್ನಪ್ಪಾ, ನನ್ನ ಮಗಾ, ತಣ್ಣಗಿರು," ಎಂದು ಅತ್ತಳು. ಸಮುದ್ರದ ತಳದಲ್ಲಿ ಇನ್ನೇನು ತಣ್ಣಗಿರುವುದು ಎಂದು ಹೊಳೆದು ಮತ್ತೂ ಅತ್ತಳು.

ಕಾಲೇಜಿನಿಂದ ಬಂದ ಶ್ರೀಯಾ, ಒದ್ದೆ ಸೀರೆಯಲ್ಲಿ ಹಲ್ಲು ಕಟಕಟಿಸುತ್ತ ಬಚ್ಚಲ ನೆಲದ ಮೇಲೆ ಕೂತಿದ್ದ ಅಜ್ಜಿಯನ್ನು ಕಂಡು ಕಿರುಚಿದಳು. "ಅಜ್ಜಿ! ಎನ್ನ ಆಚು?" ಏನಾಯ್ತು ಎಂದು ತಮಿಳಿನಲ್ಲೇ ಕೂಗುತ್ತ ಎತ್ತಿ ತಂದು ಹೊದಿಸಿ ಅಪ್ಪನಿಗೆ ಫೋನು ಮಾಡಿದಳು. ಮೋಹನ್ ಓಡಿ ಬಂದ, ಶ್ರೀವಿದ್ಯಾ ಚೀಲವನ್ನು ಬಾಗಿಲಲ್ಲೇ ಎಸೆದು ಬಂದಳು.

"ಏನವ್ವ ಇದು? ಈ ಸ್ಥಿತೀಲಿ ತಣ್ಣೀರು ಹುಯ್ಕೊಳ್ತಾರಾ?"

"ಮೊಮ್ಮಗ ಸತ್ರೆ ಮೀಯಬಾರದೇನ್ಲಾ?" ಎಂದಳು ಚಿಕ್ಕತಾಯಮ್ಮ. "ನಿಮಗೆ ಬ್ಯಾಡ. ನೀವು ಜಿಲೇಬಿ ತಿನ್ಕೊಂಡಿರಿ."

ಮೂವರಿಗೂ ಸಂಗತಿ ಅರ್ಥವಾಗಲು ಸ್ವಲ್ಪ ಹೊತ್ತು ಹಿಡಿಯಿತು. ಅರ್ಥವಾದದ್ದೇ ಮೋಹನ್ ನಿಶಾಂತನಿಗೆ ವಿಡಿಯೋ ಕಾಲ್ ಹಚ್ಚಿದ. ಪರದೆಯ ಮೇಲೆ ನಿಶಾಂತ್ ಬಂದ, "ಅಜ್ಜಿ, ನಾನು ಕಣಜ್ಜಿ, ನೋಡು," ಎಂದ. ಚಿಕ್ಕತಾಯಮ್ಮ ಪರದೆಯನ್ನು ಒಂದು ಗಳಿಗೆ ದಿಟ್ಟಿಸಿದಳು, ಕೈ ಅದರತ್ತ ಹೋಗಿಯೇಬಿಟ್ಟಿತ್ತು, ಹಿಂದಕ್ಕೆಳೆದುಕೊಂಡಳು. ಶ್ರೀಯಾ ಒಮ್ಮೆ ಕುಶಾಲಿಗೆ ಅಪ್ಪನ ಮುಖ, ಅಪ್ಪನ ದನಿ ಹಾಕಿ ಅದೇ ಫೋನಿನಲ್ಲಿ ತಮಿಳು ಭಾಷಣ ಮಾಡಿಸಿ ತೋರಿಸಿರಲಿಲ್ಲವೆ?

"ಇದ್ರಲ್ಲಿ ಸತ್ತೋರನ್ನೂ ಮಾತಾಡಿಸ್ತೀರಿ ನೀವು. ನಾ ನಂಬಾಕಿಲ್ಲ," ಎಂದು ಗೋಡೆ ಕಡೆ ಹೊರಳಿ ಮಲಗಿದಳು. ಸಂಜೆಗೆ ಜ್ವರ ಬಂತು. ಗಂಜಿ ಬೇಡ, ಮಾತ್ರೆ ಬೇಡ, ಅವನು ಬರಲಿ ಅಂದಳು.

ಅವನು ಬಂದ. ವಿಶಾಖಪಟ್ಟಣದಿಂದ ಸಿಕ್ಕಿದ ರೈಲು ಹತ್ತಿ, ಮಾರನೆಯ ದಿನ ಬೆಳಿಗ್ಗೆ ಹೆಗಲ ಚೀಲ ಇಳಿಸುವ ಮೊದಲೇ ಅಜ್ಜಿಯ ಮಂಚದ ಬಳಿ ಬಂದು ಕುಕ್ಕರಿಸಿದ. ಚಿಕ್ಕತಾಯಮ್ಮ ಅವನ ಕಿವಿ ಹಿಡಿದು ಜೋರಾಗಿ ಹಿಂಡಿದಳು.

"ಅಯ್ಯೋ ಅಜ್ಜಿ, ನೋಯ್ತದೆ!"

"ನೋಯ್ಲಿ," ಎಂದಳು. "ನೋಯ್ಲಿ ಕಣೋ ನನ್ನಪ್ಪ, ಚೆನ್ನಾಗಿ ನೋಯ್ಲಿ." ಆಮೇಲೆ ಅವನ ತಲೆಯನ್ನು ಎದೆಗೊತ್ತಿಕೊಂಡು ಹೋ ಎಂದು ಅತ್ತಳು. ಬೆನ್ನು, ಭುಜ, ಬೆರಳು ಎಲ್ಲ ಸವರಿ ನೋಡಿದಳು. ಬಿಸಿ ಮೈ. ಬೆವರಿನ ವಾಸನೆ. ಅವಳಿಗೆ ಸ್ವರ್ಗ ಮೂರೇ ಗೇಣು.

ಅತ್ತು ಹಗುರಾದ ಮೇಲೆ ಗಂಜಿ ಕುಡಿದಳು, ಮಾತ್ರೆ ನುಂಗಿದಳು, ದಿಂಬಿಗೊರಗಿ ಕೂತು ವಿಚಾರಣೆಗೆ ತೊಡಗಿದಳು.

"ಅಂಗಾರೆ ನಿನ್ನ ಅಡಗು ಏನಾಯ್ತು?"

"ಮುಳುಗಲಿಲ್ಲ ಅಜ್ಜಿ. ರಿಟೈರಾಯ್ತು. ಈಗ ನಂಗೆ ದಡದ ಮೇಲೇ ಕೆಲಸ," ಎಂದ ನಿಶಾಂತ್. "ಕೊನೇ ದಿನ ಸಂಜೆ ನಾವೆಲ್ಲ ಬಿಳಿ ಡ್ರೆಸ್ ಹಾಕ್ಕೊಂಡು ಸಾಲಾಗಿ ನಿಂತಿದ್ವಿ. ಹೊತ್ತು ಮುಳುಗೋ ಟೈಮಿಗೆ ಬಾವುಟ ನಿಧಾನವಾಗಿ ಇಳಿಸಿದ್ರು. ಇಳಿಸಿ, ಮಡಿಚಿ, ಕ್ಯಾಪ್ಟನ್ ಕೈಗೆ ಕೊಟ್ರು. ಅಷ್ಟೇ. ಆಮೇಲೆ ಅದು ಹೇಮಾವತಿ ಅಲ್ಲ, ಬರೀ ಕಬ್ಬಿಣ. ದೊಡ್ಡ ದೊಡ್ಡ ಮೀಸೆಯೋರೂ ಅತ್ರು ಅಜ್ಜಿ. ನಾನೂ ಅತ್ತೆ."

"ಎಸ್ರು?"

"ಹೆಸರನ್ನ ಹಾಗೇ ಬಿಡಲ್ಲ. ಒಳ್ಳೆ ಹೆಸರು ತಂದ ಹಡಗಿನ ಹೆಸರು ಮುಂದಿನದಕ್ಕೆ ಹೋಗ್ತದೆ. ಹಳೇದು ಗೆದ್ದದ್ದೆಲ್ಲ ಹೊಸದರ ಬೋರ್ಡಿನ ಮೇಲೆ ಬರೀತಾರೆ. ಹೊಸದು ಒಂದು ಗುಂಡೂ ಹಾರಿಸಿರಲ್ಲ, ಆದ್ರೂ ಅದೆಲ್ಲ ಅದರದ್ದೇ ಅಂತ ಲೆಕ್ಕ."

ಚಿಕ್ಕತಾಯಮ್ಮನಿಗೆ ಅದು ಸರಿಯೆನಿಸಿತು. ತಾಯಮ್ಮಜ್ಜಿಯ ಸೂಲಗಿತ್ತಿ ಕೈಗುಣದ ಮಾತು ಬಂದಾಗಲೆಲ್ಲ ಊರವರು ಇವಳ ಮುಖ ನೋಡುತ್ತಿರಲಿಲ್ಲವೆ?

"ಓಡ್ತಿತ್ತಲ್ಲೋ ಅದು? ಓದ ವರ್ಸ ಯಾವ್ದೋ ದೇಸಕ್ಕೆ ಓಗಿಬಂದ್ರಿ?"

"ಓಡ್ತಿತ್ತು. ಹೊರಗಡೆಯಿಂದ ನೋಡಿದ್ರೆ ಏನೂ ಗೊತ್ತಾಗ್ತಿರಲಿಲ್ಲ ಅಜ್ಜಿ. ಒಳಗೆ ಪರೀಕ್ಷೆ ಮಾಡಿದಾಗ..."

ನಿಶಾಂತ್ ಅಲ್ಲಿಗೆ ನಿಂತುಬಿಟ್ಟ. ಕಿವಿ ಕೆಂಪಾದವು. ಅಡುಗೆಮನೆಯಲ್ಲಿ ಪಾತ್ರೆ ಸದ್ದು ನಿಂತಿತು.

ಚಿಕ್ಕತಾಯಮ್ಮ ಆ ಕಿವಿಗಳನ್ನು ನೋಡಿದಳು. ಸಂತೋಷದ ಗದ್ದಲದಲ್ಲಿ ಮರೆತಿದ್ದ ಅನುಮಾನ ಮೆಲ್ಲಗೆ ಎದ್ದು ಕೂತಿತು. ಈ ಹುಡುಗ ಬದುಕಿದ್ದಾನೆ. ಸರಿ, ದೇವರು ದೊಡ್ಡವನು. ಹಾಗಾದರೆ ಮನೆಯಲ್ಲಿ ಸೂತಕವಿಲ್ಲ. ಸೂತಕವಿಲ್ಲದ ಮೇಲೆ ಪೂಜೆ ಯಾಕೆ ಬೇಡ ಅಂದರು? ಮುಂದಿನ ತಿಂಗಳು ಅನ್ನಲು ಹೊರಟ ಸೊಸೆ ಬಾಲ್ಕನಿಗೆ ಯಾಕೆ ಓಡಿದಳು? ಸಕ್ಕರೆ, ಜಿಲೇಬಿ, ಪಕ್ಕದಲ್ಲಿ ಬಂದು ಮಲಗಿದ ಹುಡುಗಿ, ‘ಈ ಸ್ಥಿತೀಲಿ’ ಎಂದ ಮಗ. ಈ ಉಪಚಾರವೆಲ್ಲ ಯಾರ ಲೆಕ್ಕಕ್ಕೆ? ಕೀಲ್ಪಾಕಿನ ಆ ಯಂತ್ರದೊಳಗೆ ಮಲಗಿದ್ದವರು ಯಾರು?

"ನೀನ್ಯಾಕ್ಲಾ ಇಷ್ಟು ದಿನ ಫೋನ್ ಮಾಡ್ಲಿಲ್ಲ?" ಎಂದಳು.

"ಅಜ್ಜಿ ದನಿ ಕೇಳಿದ್ರೆ ನೀನು ಬಾಯಿ ಬಿಟ್ಟುಬಿಡ್ತೀಯಾ, ಮಾಡಬೇಡ ಅಂತ ಅಮ್ಮ..." ಎಂದವನು ತುಟಿ ಕಚ್ಚಿಕೊಂಡ.

ಹೊರಗೆ ನೀರಿನ ಲಾರಿ ಬಂದು ನಿಂತಿತ್ತು, ಬೀದಿಯ ಹೆಂಗಸರು ತಮಿಳಿನಲ್ಲಿ ಜಗಳವಾಡುತ್ತಿದ್ದರು.

"ಒಂದು ಮಾತು ಯೋಳು ಮಗಾ. ಆ ಅಳೇ ಅಡಗಿಗೆ ಯಾರಾರ ಮೊದ್ಲೇ ಯೋಳಿದ್ರಾ? ನಿನ್ನ ಕಾಲ ಆಯ್ತು ಕಣವ್ವ ಅಂತ?"

"ಹಡಗಿಗೆ ಯಾರು ಹೇಳ್ತಾರೆ ಅಜ್ಜಿ?" ಎಂದ ನಿಶಾಂತ್. ಅವನ ದನಿ ನೆಲಕ್ಕೆ ಬಿದ್ದಿತ್ತು.

"ಅಡಗಿಗೆ ಕಿವಿ ಇಲ್ಲ ಕಣ್ಲಾ, ನಂಗವೆ. ಯೋಳು."

ಬಾಗಿಲಲ್ಲಿ ನಿಂತಿದ್ದ ಶ್ರೀವಿದ್ಯಾ ಬೇಡ ಎಂದು ಮಗನಿಗೆ ತಲೆ ಆಡಿಸಿದಳು. ಮೋಹನ್ ಮುಂದೆ ಬಂದು, "ನಿಶಾಂತ್, ಅಜ್ಜಿ ಮಲಗ್ಲಿ, ಏಳು," ಎಂದ.

"ನೀ ಸುಮ್ಕಿರ್ಲಾ," ಎಂದಳು ಚಿಕ್ಕತಾಯಮ್ಮ. "ಅವನ ಬಾಯಿಂದ ಬರ್ಲಿ."

ನಿಶಾಂತ್ ಅಜ್ಜಿಯ ಎರಡೂ ಕೈ ಹಿಡಿದುಕೊಂಡು ಹೇಳಿದ. ಹೊಟ್ಟೆಯೊಳಗೆ ಗಡ್ಡೆ ಇದೆ, ಹರಡಿದೆ ಎಂದ. ಈ ವಯಸ್ಸಿನಲ್ಲಿ ಆಪರೇಷನ್ ಆಗುವುದಿಲ್ಲ ಎಂದರಂತೆ ಡಾಕ್ಟರು. ಬೇಕಾದ್ದು ತಿನ್ನಲಿ, ನೋವಿಗೆ ಔಷಧಿ ಕೊಡೋಣ ಎಂದರಂತೆ. ಎಷ್ಟು ದಿನ ಎಂದು ಅವಳು ಕೇಳಿದಳು. ಕೆಲವು ತಿಂಗಳು ಇರಬಹುದು ಎಂದ. ಯಾವುದನ್ನೂ ಮುಚ್ಚಲಿಲ್ಲ.

ಎಲ್ಲರೂ ಅವಳ ಮುಖವನ್ನೇ ನೋಡುತ್ತಿದ್ದರು. ಈಗ ಅಳುತ್ತಾಳೆ, ಈಗ ಎದೆ ಹಿಡಿದುಕೊಳ್ಳುತ್ತಾಳೆ ಎಂದು ಶ್ರೀಯಾ ನೀರಿನ ಲೋಟ ಹಿಡಿದು ಪಕ್ಕದಲ್ಲೇ ನಿಂತಿದ್ದಳು. ಚಿಕ್ಕತಾಯಮ್ಮ ಉದ್ದಕ್ಕೆ ಒಂದು ಉಸಿರು ಬಿಟ್ಟಳು.

"ನಾನಾ?" ಎಂದಳು. "ಓಗೋದು ನಾನಾ?"

ನಾಲ್ವರೂ ಅಳುತ್ತಿದ್ದರು.

"ಥೂ, ನಿಮ್ಮ ಬುದ್ದಿಗಷ್ಟು ಬೆಂಕಿ ಬೀಳ! ಇದನ್ನ ಯೋಳಾಕೆ ಏನ್ರಪ್ಪ ದಾಡಿ ನಿಮಗೆ? ಈ ಮಗ ಸಮುದ್ರದ ತಳದಾಗೆ ಬಿದ್ದವ್ನೆ, ಮೀನು ತಿಂದವೆ ಅಂತ ನಾನು ಗಳಿಗೆ ಗಳಿಗೆಗೂ ಸಾಯ್ತಿದ್ನಲ್ಲ! ನಾನು ಅಂತ ಒಂದು ಮಾತು ಅಂದಿದ್ರೆ ನೆಮ್ಮದಿಯಾಗಿ ನಿದ್ದೆ ಮಾಡ್ತಿದ್ದೆ." ಮೊಮ್ಮಗನ ಕೆನ್ನೆಯ ನೀರನ್ನು ಅಂಗೈಯಿಂದ ಒರೆಸಿದಳು. "ನಾನಾದ್ರೆ ಸರಿ ಕಣ್ರಪ್ಪ. ನಾನಾದ್ರೆ ಸರಿಯಾಗೇ ಅದೆ."